ಗಂಧ ಹಚ್ಚಿದ ಡಿಸ್ಕು

ಕನಕಗಿರಿ ಬಸ್ ನಿಲ್ದಾಣದ ಎದುರಿನ ಸಾಲಿನಲ್ಲಿ ಉಮರಸಾಬರ ಅಂಗಡಿ ಇದೆ. ಮುಂದಿನ ಗಾಜಿನ ಕಪಾಟಿನಲ್ಲಿ ಮೊಬೈಲ್ ಕವರು, ಚಾರ್ಜರು, ಇಯರ್‌ಫೋನು. ಹಿಂದಿನ ಗೋಡೆಗೆ ಒತ್ತಿಕೊಂಡು ಒಂದು ಹಳೆಯ ಕಂಪ್ಯೂಟರ್ ಇದೆ. ಹಳೆಯ ಸೀರೆಯಿಂದ ಹೊಲಿದ ಮುಸುಕನ್ನು ಅದರ ಮೇಲೆ ಹಾಕಿದ್ದಾರೆ. ಇಂಟರ್ನೆಟ್ ಕೊಟ್ಟಿಲ್ಲ. ಗುಜರಿಯವರು ಕೇಳಿದಾಗಲೆಲ್ಲ ಉಮರಸಾಬ "ಅದು ಮಾರಾಕಲ್ಲಪಾ, ಮುಂದ ಹೋಗು" ಎನ್ನುತ್ತಾರೆ. ತಿಂಗಳಿಗೊಮ್ಮೆ ಮುಸುಕು ತೆಗೆದು ಚಾಲೂ ಮಾಡಿ, ಸಿ.ಡಿ. ರೈಟರಿನ ಬಾಯಿ ತೆರೆಯುತ್ತದೆಯೇ ಎಂದು ನೋಡಿ, ಮತ್ತೆ ಮುಚ್ಚುತ್ತಾರೆ. ಅದರೊಳಗೆ ಹಾಕುವ ಡಿಸ್ಕು ಈಗ ಅವರ ಬಳಿ ಒಂದೂ ಇಲ್ಲ.

೧೯೯೭ರಲ್ಲಿ, ಕೊಪ್ಪಳ ಜಿಲ್ಲೆಯಾದ ವರ್ಷ, ಇದೇ ಜಾಗದಲ್ಲಿ ಅವರು ಕ್ಯಾಸೆಟ್ಟಿಗೆ ಹಾಡು ತುಂಬಿಸಿ ಕೊಡುತ್ತಿದ್ದರು. ಆ ವರ್ಷದ ಮೊಹರಮ್ಮಿನಲ್ಲಿ ಟೇಪ್ ರೆಕಾರ್ಡರ್ ಹೊತ್ತುಕೊಂಡು ಹತ್ತಿರದ ನವಲಿ ಊರಿಗೆ ಹೋದರು. ಮಸೂತಿಯ ಮುಂದೆ, ಅಲಾಯಿ ಕುಣಿಯ ಬೆಂಕಿಯ ಸುತ್ತ, ಹೆಜ್ಜೆ ಹಾಕುತ್ತ ಕರ್ಬಲಾದ ದುಃಖದ ರಿವಾಯತ್ ಪದ ಹೇಳುವ ಮೇಳ ಅಲ್ಲಿತ್ತು. ಮೇಳದ ಮುಂದಾಳು ಹುಚ್ಚೀರಪ್ಪ. ಭತ್ತ ಬೆಳೆಯುವ ಮನುಷ್ಯ. ಮನೆದೇವರು ಬೇರೆಯಾದರೂ ವರ್ಷದಲ್ಲಿ ಹತ್ತು ದಿನ ಕೊರಳಿಗೆ ಹರಕೆಯ ಲಾಡಿ ದಾರ ಕಟ್ಟಿಕೊಂಡು ಫಕೀರನಾಗುತ್ತಿದ್ದರು. ಪದ ಕಟ್ಟುವವರೂ ಅವರೇ, ಹಾಡುವವರೂ ಅವರೇ. ಒಂದು ಪದ ಹೀಗೆ ಸುರುವಾಗುತ್ತಿತ್ತು:

ನಮ್ಮ ಹೊಲಕ ಕಾಲುವಿ ನೀರ ಬಂದೈತಿ
ಕರ್ಬಲಾದ ಕೂಸಿಗಿ ಗುಟುಕ ನೀರಿಲ್ಲೋ

ದನಿ ದಪ್ಪ, ತುದಿಯಲ್ಲಿ ತುಸು ಒಡಕು. "ಆ ಒಡಕಿಗೇ ಜನ ಅಳತಿದ್ರು ನೋಡ್ರಿ" ಎನ್ನುತ್ತಾರೆ ಉಮರಸಾಬ.

ಮೂರು ವರ್ಷ ಹೀಗೇ ನಡೆಯಿತು. ಆಮೇಲೆ ಗಂಗಾವತಿಯ ಪೇಟೆಯಲ್ಲಿ, ಉಮರಸಾಬ ತುಂಬಿಸಿದ್ದರಿಂದ ಯಾರೋ ನಕಲು ಮಾಡಿದ ಆ ಪದಗಳ ಕ್ಯಾಸೆಟ್ ಮಾರಾಟಕ್ಕೆ ಬಂತು. ಮೇಲಿನ ಚಿತ್ರದಲ್ಲಿ ಯಾರೋ ಗೊತ್ತಿಲ್ಲದ ಗಾಯಕ, ಕೈಯಲ್ಲಿ ಹಾರ್ಮೋನಿಯಂ. ನವಲಿಯಲ್ಲಿ ಮಸೂತಿಯ ದೇವರ ಸೇವೆ ಮಾಡುವ ಮುಜಾವರ ಶಬ್ಬೀರಸಾಬ ಮೇಳದವರನ್ನೆಲ್ಲ ಮಸೂತಿಯ ಕಟ್ಟೆಗೆ ಕರೆಸಿದರು. ಉಮರಸಾಬರನ್ನೂ ಕರೆಸಿದರು.

"ಪದ ದೇವರವು. ಸಂತ್ಯಾಗ ಮಾರೋವಲ್ಲ" ಎಂದರು ಶಬ್ಬೀರಸಾಬ. "ನೀ ತುಂಬಿಸಿದ್ದು ಒಂದ ಇರಬೇಕು. ಅದೂ ದೇವರ ಹತ್ರ ಇರಬೇಕು."

ಉಮರಸಾಬ ಮಾತು ಕೊಟ್ಟರು. ಆ ಹೊತ್ತಿಗೆ ಅವರು ಹುಬ್ಬಳ್ಳಿಯಿಂದ ಕಂಪ್ಯೂಟರ್ ತರಿಸಿದ್ದರು, ಒಳಗೊಂದು ಸಿ.ಡಿ. ರೈಟರ್. ಕ್ಯಾಸೆಟ್ಟಿನ ಪದಗಳನ್ನೆಲ್ಲ ಒಂದು ಡಿಸ್ಕಿಗೆ ಇಳಿಸಿ, ಪ್ರತಿ ಮೊಹರಮ್ಮಿಗೆ ಹೊಸ ಪದಗಳನ್ನು ಅದೇ ಡಿಸ್ಕಿಗೆ ಸೇರಿಸುತ್ತ ಹೋಗುವುದು ಎಂದು ಠರಾವಾಯಿತು. ಡಿಸ್ಕು ತಯಾರಾದ ಮೇಲೆ ಕ್ಯಾಸೆಟ್ಟುಗಳನ್ನು ಎಲ್ಲರ ಮುಂದೆ ಅಳಿಸಿದರು, ಕಂಪ್ಯೂಟರಿನಲ್ಲಿ ಉಳಿದದ್ದನ್ನೂ ತೆಗೆದರು.

ಆ ಡಿಸ್ಕು ಬರೆಯುವಾಗ ಮೊದಲ ಸಲವೇ ಕೆಲಸ ನಿಂತಿತ್ತು. ಬರೆಯುವ ಪ್ರೋಗ್ರಾಂ ತೆರೆದರೆ ಪರದೆಯ ಮೇಲೆ ರೈಟರಿನ ಹೆಸರೇ ಇಲ್ಲ. ಡ್ರೈವ್ ಕಣ್ಣೆದುರಿಗೇ ಇದೆ, ದೀಪ ಮಿನುಗುತ್ತಿದೆ, ಪ್ರೋಗ್ರಾಂ ಮಾತ್ರ ಯಾವ ಡ್ರೈವೂ ಇಲ್ಲ ಎನ್ನುತ್ತದೆ. ಗಂಗಾವತಿಯಲ್ಲಿ ಕಂಪ್ಯೂಟರ್ ಕಲಿಸುತ್ತಿದ್ದ, ರಿಪೇರಿಯನ್ನೂ ಮಾಡುತ್ತಿದ್ದ ಗೋವಿಂದರಾಜ ಬಂದು ನೋಡಿ ನಕ್ಕರು.

"ಸಾಬ್ರೇ, ನೀವು ದನದ ಸಂತ್ಯಾಗ ಎತ್ತು ತಗೊಂಡೀರೇನು?"

"ತಗೊಂಡೀನಿ."

"ಮಾರಾವ ನಿಮ್ಮ ಕೂಡ ಮಾತಾಡ್ಯಾನೇನು?"

"ಇಲ್ಲ. ದಲಾಲಿ ಟವೆಲ್ಲಿನ ಕೆಳಗ ಇಬ್ಬರ ಬೊಟ್ಟು ಹಿಡದು ಹೇಳತಾನ."

"ಹಾಂ, ಅದ. ಪ್ರೋಗ್ರಾಮಿಗಿ ಡ್ರೈವಿನ ಭಾಷಾ ಬರಂಗಿಲ್ಲ. ನಡುವ ದಲಾಲಿ ಬೇಕು. ನಿಮ್ಮ ಕಂಪ್ಯೂಟರದಾಗ ದಲಾಲೀನ ಇಲ್ಲ."

ದಲಾಲಿ ಎಂದರೆ ಒಂದು ಸಣ್ಣ ಸಾಫ್ಟ್‌ವೇರ್ ಲೈಬ್ರರಿ. ಬಲ್ಲವರು ಅದನ್ನು ಆಸ್ಪಿ ಎಂದು ಕರೆಯುತ್ತಿದ್ದರು. ಓದು, ಬರೆ, ಬಾಯಿ ತೆರೆ ಎಂಬ ಅಪ್ಪಣೆಗಳನ್ನು ಪ್ರೋಗ್ರಾಂನಿಂದ ಇಸಿದುಕೊಂಡು ಡ್ರೈವಿಗೆ ಮುಟ್ಟಿಸುವುದು, ಡ್ರೈವ್ ಹೇಳಿದ್ದನ್ನು ತಿರುಗಿ ತರುವುದು ಅದರ ಕೆಲಸ. ಗೋವಿಂದರಾಜ ತಮ್ಮ ಚೀಲದಿಂದ ಫ್ಲಾಪಿ ತೆಗೆದು ಅದನ್ನು ಹಾಕಿದರು. ಕಂಪ್ಯೂಟರ್ ಮತ್ತೆ ಚಾಲೂ ಆದಾಗ ರೈಟರಿನ ಹೆಸರು ಪರದೆಯ ಮೇಲಿತ್ತು.

ಡಿಸ್ಕು ಬಿಸಿಯಾಗಿ ಹೊರಬಂದಾಗ ಹುಚ್ಚೀರಪ್ಪ ಅಂಗಡಿಯಲ್ಲೇ ಕುಳಿತಿದ್ದರು. ಅಂಗೈ ಮೇಲೆ ಇಟ್ಟುಕೊಂಡು ತಿರುಗಿಸಿ ನೋಡಿದರು.

"ಉಮರಾ, ನನ್ನ ದನಿ ಇದರಾಗ ಎಲ್ಲಿ ಐತ್ಲೇ?"

"ನಡುವಿನ ತೂತಿನ ಬಾಜೂಕ, ಹುಚ್ಚೀರಣ್ಣ. ಅಲ್ಲಿಂದ ಸುರು ಆಗಿ ಸುತ್ತಕೋತ ಹೊರಗ ಬರತೈತಿ. ಮುಂದಿನ ವರ್ಷದ್ದು ಇದರ ಹೊರಗ, ಅದರ ಮುಂದಿಂದು ಅದರ ಹೊರಗ."

"ಬಳಿ ಇಟ್ಟಂಗ."

"ಹೂಂ, ಬಳಿ ಇಟ್ಟಂಗ."

ನವಲಿಯಲ್ಲಿ ಡಿಸ್ಕನ್ನು ಹಸಿರು ಬಟ್ಟೆಯಲ್ಲಿ ಸುತ್ತಿ, ಮೊಹರಮ್ಮಿನ ದೇವರೆಂದು ಕೂಡಿಸುವ ಹಸ್ತದಾಕಾರದ ಪಂಜಾಗಳ ಜೊತೆ ಮಸೂತಿಯ ಸಂದೂಕದಲ್ಲಿ ಇಟ್ಟರು. ಸಂದೂಕ ತೆರೆಯುವುದು ವರ್ಷಕ್ಕೊಮ್ಮೆ, ದೇವರು ಕೂಡಿಸುವ ದಿನ. ಆ ದಿನ ಪಂಜಾಗಳನ್ನು ತೊಳೆದು, ಅತ್ತರು ಬೆರೆಸಿದ ಗಂಧ ಹಚ್ಚಿ, ಊದು ಹಾಕುತ್ತಾರೆ. ಹತ್ತು ದಿನ ಕಳೆದು, ದೇವರನ್ನು ಬೀಳ್ಕೊಡುವ ದಫನ ಆದ ಮೇಲೆ ಸಂದೂಕ ಮುಚ್ಚುತ್ತದೆ. ಡಿಸ್ಕಿಗೂ ಅದೇ ಕಟ್ಟಳೆ ಬಂತು. ಸಂದೂಕ ತೆರೆದಾಗ ಹುಚ್ಚೀರಪ್ಪ ಅದನ್ನು ಮಡಿಲಲ್ಲಿಟ್ಟುಕೊಂಡು ಬಸ್ಸಿನಲ್ಲಿ ಕನಕಗಿರಿಗೆ ಬರುತ್ತಿದ್ದರು. ಹಿಂದಿನ ವರ್ಷದ್ದನ್ನು ಒಮ್ಮೆ ಕೇಳಿ, ಹೊಸ ಪದ ಸೇರಿಸಿಕೊಂಡು ಹೋಗುತ್ತಿದ್ದರು. ಮಸೂತಿಯಲ್ಲಿ ಡಿಸ್ಕಿಗೆ ಗಂಧ ಹಚ್ಚುವ ಹಕ್ಕು ಮುಂದಾಳಾದ ಅವರದೇ. ಎಲ್ಲಿ ಹಚ್ಚಬೇಕು ಎಂಬುದು ಅವರಿಗೆ ಗೊತ್ತಿತ್ತು. ಹೆಸರು ಬರೆದ ಮುಖದ ಮೇಲೆ, ನಡುವಿನ ತೂತಿನ ಬಾಜುಕ್ಕೆ, ಹೆಬ್ಬೆಟ್ಟಿನಿಂದ ಒತ್ತುತ್ತಿದ್ದರು. ಹೊಳೆಯುವ ಕೆಳಮುಖವನ್ನು ಮಾತ್ರ ಯಾರೂ ಮುಟ್ಟಬಾರದು ಎಂದು ಉಮರಸಾಬ ಹೇಳಿದ್ದರು. ಯಾರೂ ಮುಟ್ಟುತ್ತಿರಲಿಲ್ಲ.

೨೦೦೮ರಲ್ಲಿ ಹುಚ್ಚೀರಪ್ಪರ ದನಿ ಗೊಗ್ಗರಾಯಿತು. ಹಾಡಿ ಹಾಡಿ ಹೀಗಾಗಿದೆ ಎಂದುಕೊಂಡರು. ಅವರು ತಂಬಾಕು ಬಿಟ್ಟವರಲ್ಲ. ಹುಬ್ಬಳ್ಳಿಯ ಆಸ್ಪತ್ರೆಯಲ್ಲಿ ಗಂಟಲಿನ ಧ್ವನಿಪೆಟ್ಟಿಗೆಯನ್ನೇ ತೆಗೆಯಬೇಕಾಯಿತು. ಕುತ್ತಿಗೆಯಲ್ಲಿ ಉಸಿರಾಡಲು ಒಂದು ತೂತು ಉಳಿಯಿತು, ಅದರ ಮೇಲೆ ಸದಾ ಒಂದು ಬಿಳಿ ಬಟ್ಟೆ. ಬೇರೆಯವರೊಂದಿಗೆ ಕೈಸನ್ನೆಯಲ್ಲಿ ಮಾತು. ಉಮರಸಾಬರೊಂದಿಗೆ ಸನ್ನೆಯೂ ಅಷ್ಟಾಗಿ ಬೇಕಿರಲಿಲ್ಲ. ಹಾಡುವ ಸರದಿ ಅವರ ಶಿಷ್ಯ ಹನುಮಣ್ಣನಿಗೆ ಹೋಯಿತು. ಮುಂದಿನ ಮೊಹರಮ್ಮಿನಲ್ಲಿ ಹನುಮಣ್ಣ ಅದೇ ಕಾಲುವೆಯ ಪದ ಹಾಡಿದ. ಅದೂ ಡಿಸ್ಕಿನ ಹೊರಸುತ್ತಿಗೆ ಸೇರಿತು. ಸ್ವಲ್ಪ ದಿನಕ್ಕೆ ಅವನು ಹೊಸಪೇಟೆಯ ಕಡೆ ಕಾರ್ಖಾನೆ ಕೆಲಸಕ್ಕೆ ಹೋದವನು ಊರಿಗೆ ತಿರುಗಿ ಬಂದದ್ದು ಕಡಿಮೆ.

ಹುಚ್ಚೀರಪ್ಪರ ಮಗಳು ಮಾರೆವ್ವ. ಆಕೆಯ ಮಗಳು ಅನುಷಾ ಹುಟ್ಟಿದ್ದು ಅಜ್ಜನ ಗಂಟಲಿನ ಶಸ್ತ್ರಚಿಕಿತ್ಸೆಯಾದ ವರ್ಷವೇ. ಐದು ವರ್ಷದವಳಾದಾಗ ಅಂಗನವಾಡಿಯಿಂದ ಬಂದು ತಾಯಿಯನ್ನು ಕೇಳಿದಳು.

"ಯವ್ವಾ, ಅಜ್ಜ ಹುಟ್ಟಾ ಮೂಕ ಅಂತ. ಹೌದೇನು?"

"ಯಾರಂದ್ರು?"

"ಎಲ್ಲಾ ಹುಡುಗ್ರೂ ಅಂತಾರ. ಮೂಕನ ಮೊಮ್ಮಗಳು ಬಂದ್ಲು ಅಂತಾರ."

"ನಿಮ್ಮಜ್ಜ ಹಾಡಿದ್ರ ಊರ ನಿಂದರತಿತ್ತಲೇ."

"ಸುಳ್ಳ ಹೇಳಬ್ಯಾಡ."

ಹುಚ್ಚೀರಪ್ಪ ಕಟ್ಟೆಯ ಮೇಲೆ ಕುಳಿತು ಇದನ್ನು ಕೇಳಿದರು. ಮರುದಿನ ಕನಕಗಿರಿಯ ಬಸ್ಸು ಹತ್ತಿದರು. ಅಂಗಡಿಗೆ ಬಂದು ಕೈಯನ್ನು ಸೊಂಟದ ಎತ್ತರಕ್ಕೆ ಹಿಡಿದು ಮಗುವನ್ನು ತೋರಿಸಿದರು, ಕಿವಿ ಮುಟ್ಟಿದರು, ಆಮೇಲೆ ತಮ್ಮ ಗಂಟಲು ಮುಟ್ಟಿದರು. ಉಮರಸಾಬರಿಗೆ ಅರ್ಥವಾಯಿತು. ಒಂದು ಸಲ, ಆ ಕೂಸಿಗೆ ತಮ್ಮ ದನಿ ಕೇಳಿಸಬೇಕು. ಅವರಿಗೆ ಬೇಕಾದದ್ದು ಅಷ್ಟೇ.

ಉಮರಸಾಬ "ಆತಣ್ಣ" ಎಂದರು. ಆದರೆ ಒಂದು ತೊಡಕಿತ್ತು. ಹಿಂದಿನ ಮೊಹರಮ್ಮಿನಲ್ಲಿ, ಹಳೆಯ ಕಂಪ್ಯೂಟರ್ ಕೆಟ್ಟು ಮೂಲೆ ಸೇರಿದ್ದರಿಂದ, ಅವರು ಡಿಸ್ಕನ್ನು ಹೊಸ ಕಂಪ್ಯೂಟರಿಗೆ ಹಾಕಿದ್ದರು. ಬರೆಯುವುದು ಅರ್ಧ ಆಗಿದ್ದಾಗ ಕರೆಂಟು ಹೋಯಿತು. ಆಮೇಲೆ ಡಿಸ್ಕು ಒಳಗಿದ್ದರೂ ಕಂಪ್ಯೂಟರ್ "ದಯವಿಟ್ಟು ಡಿಸ್ಕ್ ಹಾಕಿ" ಎನ್ನುತ್ತಿತ್ತು. ದಫನದ ದಿನ ಬಂದಿದ್ದರಿಂದ ಯಾರಿಗೂ ಹೇಳದೆ ಡಿಸ್ಕನ್ನು ಬಟ್ಟೆಯಲ್ಲಿ ಸುತ್ತಿ ಕೊಟ್ಟು ಕಳಿಸಿದ್ದರು. ಮುಂದಿನ ವರ್ಷ ನೋಡಿದರಾಯಿತು ಎಂದುಕೊಂಡಿದ್ದರು.

ಆ ವರ್ಷ ಸಂದೂಕ ತೆರೆಯುವ ಮೊದಲೇ ಉಮರಸಾಬ ತಯಾರಿ ಸುರು ಮಾಡಿದರು. ಅರ್ಧ ಬರೆದ ಡಿಸ್ಕನ್ನು ವಿಂಡೋಸ್ ಕಾಣದಿದ್ದರೂ, ಹಳೆಯ ಪ್ರೋಗ್ರಾಂ ಒಂದು ಡ್ರೈವಿಗೆ ನೇರವಾಗಿ ಅಪ್ಪಣೆ ಕೊಟ್ಟು ಒಂದೊಂದೇ ಸುತ್ತು ಓದಿಸಬಲ್ಲದೆಂದು ಅವರಿಗೆ ತಿಳಿದಿತ್ತು. ಆ ಪ್ರೋಗ್ರಾಂ ಅವರ ಬಳಿಯಿತ್ತು. ಅದಕ್ಕೆ ಬೇಕಾದ ದಲಾಲಿ ಇರಲಿಲ್ಲ. ಹೊಸ ಕಂಪ್ಯೂಟರಿನ ವಿಂಡೋಸ್ ಆ ಹಳೆಯ ಲೈಬ್ರರಿಯನ್ನು ಒಳಗೇ ಬಿಟ್ಟುಕೊಳ್ಳಲಿಲ್ಲ. ಹಳೆಯ ಕಂಪ್ಯೂಟರಿನ ಹಾರ್ಡ್‌ಡಿಸ್ಕ್ ಸತ್ತಿತ್ತು. ಬೇರೆ ಹಾರ್ಡ್‌ಡಿಸ್ಕ್ ಹಾಕಿ ವಿಂಡೋಸ್ ಎಕ್ಸ್‌ಪಿ ತುಂಬಿಸಿದರು. ಎಕ್ಸ್‌ಪಿಯಲ್ಲಿ ಲೈಬ್ರರಿ ಮೊದಲಿನಿಂದಲೂ ಇರುವುದಿಲ್ಲ, ಬೇರೆ ತಂದು ಹಾಕಬೇಕು. ಇಂಟರ್ನೆಟ್ಟಿನಿಂದ ಇಳಿಸಿದ ಒಂದು ಫೈಲ್ ವೈರಸ್ಸಾಗಿತ್ತು. ಇನ್ನೊಂದು ಬೇರೆ ಆವೃತ್ತಿಯದು. ಪ್ರೋಗ್ರಾಂ ತೆರೆಯಿತು, ಡ್ರೈವ್ ಕಾಣಲಿಲ್ಲ.

ಸಂದೂಕ ತೆರೆದ ದಿನ ಡಿಸ್ಕು ಅಂಗಡಿಗೆ ಬಂತು. ಮರುದಿನ ಉಮರಸಾಬ ಗಂಗಾವತಿಗೆ ಹೋದರು. ಗೋವಿಂದರಾಜರ ತರಬೇತಿ ಕೇಂದ್ರ ಇದ್ದಲ್ಲಿ ಈಗ ಅವರದೇ ಬೀಜ ಗೊಬ್ಬರದ ಅಂಗಡಿ.

"ಸಾಬ್ರೇ, ಸಿ.ಡಿ. ಇನ್ನಾ ಸತ್ತಿಲ್ಲೇನು?" ಎಂದರು ಗೋವಿಂದರಾಜ.

"ನೀ ಕೊಟ್ಟಿದ್ದಿ ನೋಡು ದಲಾಲಿ, ಅವ ಬೇಕಾಗ್ಯಾನ."

"ಅವ ಸತ್ತು ಭಾಳ ವರ್ಷ ಆತು. ಹೆಣ ಬೇಕಾರ ಹುಡುಕೋಣ."

ಹುಡುಕಿದರು. ಅಟ್ಟದ ಮೇಲೆ, ಸೂರ್ಯಕಾಂತಿ ಬೀಜದ ಖಾಲಿ ಚೀಲಗಳ ಅಡಿಯಲ್ಲಿ, ಫ್ಲಾಪಿಗಳ ಡಬ್ಬಿ ಇತ್ತು. ಅರ್ಧದಷ್ಟು ಫ್ಲಾಪಿಗಳಿಗೆ ಬೂಸರ ಹಿಡಿದಿತ್ತು. ಬೇಕಾದದ್ದನ್ನು ಓದಲು ಬಂತು.

ಆ ಮಧ್ಯಾಹ್ನ ಕನಕಗಿರಿಯಲ್ಲಿ ಹಳೆಯ ಪ್ರೋಗ್ರಾಂ ತೆರೆದಾಗ ರೈಟರಿನ ಹೆಸರು ಪರದೆಯ ಮೇಲೆ ಬಂತು. ಡಿಸ್ಕು ಹಾಕಿದರು. ಡ್ರೈವ್ ಗೊರಗುಟ್ಟಿತು, ನಿಂತಿತು, ಮತ್ತೆ ಗೊರಗುಟ್ಟಿತು. ಆಮೇಲೆ ಪದಗಳ ಹೆಸರುಗಳು ಒಂದರ ಕೆಳಗೊಂದು ಇಳಿದವು. ಎಲ್ಲವೂ ಇದ್ದವು. ಕಾಲುವೆಯ ಪದದ ಹೆಸರು ಮೊದಲನೆಯದು. ಉಮರಸಾಬ ಮಾರೆವ್ವಳಿಗೆ ಫೋನ್ ಮಾಡಿ, "ಸಿಕ್ಕಾವವ್ವಾ, ನಾಳೆ ಕೂಸಿನ್ನ ಕರಕೊಂಡು ಬರ್ರಿ" ಎಂದರು.

ಆ ಫೋನ್ ಮಾಡಬಾರದಿತ್ತು ಎಂದು ಅವರು ಈಗಲೂ ಹೇಳುತ್ತಾರೆ. ಹೆಸರುಗಳ ಪಟ್ಟಿ ಪ್ರತಿ ವರ್ಷ ಹೊಸ ಸುತ್ತಿನಲ್ಲಿ ಮತ್ತೆ ಬರೆಯಲ್ಪಡುತ್ತದೆ. ಪ್ರೋಗ್ರಾಂ ಆ ಪಟ್ಟಿಯನ್ನು ಓದಿದ್ದು ಹೊರಸುತ್ತಿನಿಂದ. ಹಾಡುಗಳನ್ನು ಒಂದೊಂದಾಗಿ ಇಳಿಸತೊಡಗಿದಾಗ ಹನುಮಣ್ಣನವು ಬಂದವು. ಹುಚ್ಚೀರಪ್ಪರವು ಬರಲಿಲ್ಲ. ಪ್ರೋಗ್ರಾಂ ಕೇಳಿತು, ಲೈಬ್ರರಿ ಮುಟ್ಟಿಸಿತು, ಡ್ರೈವ್ ತಿರುಗಿ ತಿರುಗಿ ಅದೇ ಉತ್ತರ ಕಳಿಸಿತು: ಓದಲಾಗುತ್ತಿಲ್ಲ. ವೇಗ ತಗ್ಗಿಸಿದರು. ಡ್ರೈವಿನೊಳಗಿನ ಲೆನ್ಸನ್ನು ಒರೆಸಿದರು. ಡಿಸ್ಕನ್ನು ತೊಳೆಯಲೆಂದು ಹೊರತೆಗೆದು ಬಾಗಿಲ ಬೆಳಕಿಗೆ ಹಿಡಿದರು.

ತೂತಿನ ಸುತ್ತ ಬಿದ್ದ ಕಲೆಗಳಲ್ಲಿ ಬೆಳಕು ಆರಪಾರ ಬರುತ್ತಿತ್ತು. ಡಿಸ್ಕಿನ ಬರಹ ಇರುವುದು ಎಲ್ಲರೂ ಕಾಪಾಡುವ ಕೆಳಮುಖದಲ್ಲಲ್ಲ. ಹೆಸರು ಬರೆಯುವ ಮೇಲ್ಮುಖಕ್ಕೆ ಅಂಟಿಕೊಂಡು, ತೆಳುವಾದ ಬಣ್ಣದ ಅಡಿಯಲ್ಲಿ. ಅತ್ತರು ಬೆರೆತ ಗಂಧ ವರ್ಷಗಟ್ಟಲೆ ಆ ಬಣ್ಣವನ್ನು ತಿಂದು ಬೆಳ್ಳಿಯ ಪದರಕ್ಕೆ ಇಳಿದಿತ್ತು. ಒಂದೊಂದು ಕಲೆಯೂ ಒಂದೊಂದು ಹೆಬ್ಬೆಟ್ಟಿನ ಅಳತೆ. ಎಸಳಿನಂತೆ ತೂತಿನ ಸುತ್ತ ಕೂತಿದ್ದವು. ಪದ ಯಾವ ಸುತ್ತಿನಲ್ಲಿ ತಿರುಗಿದರೂ ಆ ಕಲೆಗಳನ್ನು ದಾಟಲೇಬೇಕು. ಒಂದು ಕಲೆಯಲ್ಲಿ ಬೆರಳಿನ ಗೆರೆಗಳೂ ಕಾಣುತ್ತಿದ್ದವು.

ಮರುದಿನ ಮೂವರೂ ಬಂದರು. ಅನುಷಾ ಎಣ್ಣೆ ಹಚ್ಚಿ ಬಾಚಿದ ತಲೆ, ಹೊಸ ಲಂಗ. ಹುಚ್ಚೀರಪ್ಪ ಕುತ್ತಿಗೆಯ ಬಟ್ಟೆ ಬದಲಿಸಿಕೊಂಡು ಬಂದಿದ್ದರು. ಉಮರಸಾಬ ಹುಚ್ಚೀರಪ್ಪರನ್ನು ಹೊರಗೆ ಕರೆದರು.

"ಅಣ್ಣ, ನನ್ನದ ತಪ್ಪು. ಹ್ವಾದ ವರ್ಷ ಹೊಸಾ ಕಂಪ್ಯೂಟರದಾಗ ಹಾಕಿದ್ದೆ. ಕರೆಂಟ್ ಹೋತು. ನಿನ್ನವೆಲ್ಲಾ ಅಳಿಸಿ ಹೋಗ್ಯಾವ. ಹನುಮಣ್ಣಂದು ಅಷ್ಟ ಉಳದೈತಿ."

ಹುಚ್ಚೀರಪ್ಪ ಬೆರಳ ಗೆಣ್ಣಿನಿಂದ ಉಮರಸಾಬರ ಹಣೆಗೆ ಮೆಲ್ಲಗೆ ಕುಟ್ಟಿದರು. ಹಿಂದೆ ತಾಳ ತಪ್ಪಿದವರಿಗೆ ಮೇಳದಲ್ಲಿ ಹೀಗೆ ಕುಟ್ಟುತ್ತಿದ್ದರು.

ಒಳಗೆ ಬಂದ ಉಮರಸಾಬರಿಗೆ ಅನುಷಾ ಅವಸರ ಮಾಡಿದಳು. "ಮುತ್ಯಾ, ಯಾವಾಗ ಹಚ್ಚತಿ?"

ಉಮರಸಾಬ ಇದ್ದದ್ದನ್ನು ಹಚ್ಚಿದರು. ಹನುಮಣ್ಣನ ದನಿ ಬಂತು: ನಮ್ಮ ಹೊಲಕ ಕಾಲುವಿ ನೀರ ಬಂದೈತಿ. ತೆಳು ದನಿ, ಒಡಕಿಲ್ಲ. ಕೂಸು ಬಾಯಿ ತೆರೆದು ಪೂರಾ ಪದ ಕೇಳಿತು. ಮುಗಿದ ಮೇಲೆ ಅಜ್ಜನ ಕಡೆ ತಿರುಗಿತು.

"ಅಜ್ಜಾ, ನೀ ಇಷ್ಟ ಛಲೋ ಹಾಡತಿದ್ದಿ?"

ಉಮರಸಾಬ ಬಾಯಿ ತೆರೆದರು. ಹುಚ್ಚೀರಪ್ಪ ಅವರ ತೊಡೆಯ ಮೇಲೆ ಕೈ ಇಟ್ಟು ಒತ್ತಿ ಹಿಡಿದರು. ಮಾರೆವ್ವ ನೆಲ ನೋಡುತ್ತಿದ್ದಳು. ಹುಚ್ಚೀರಪ್ಪ ಮೊಮ್ಮಗಳಿಗೆ ಹೌದೆಂದು ತಲೆ ಹಾಕಿದರು. ಇನ್ನೊಮ್ಮೆ ಹಚ್ಚು ಎಂದು ಸನ್ನೆ ಮಾಡಿದರು. ಎರಡನೆಯ ಸಲ ಪದ ಬರುವಾಗ, ಅಜ್ಜ ಹಾಡುತ್ತಿರುವಂತೆ ತುಟಿ ಆಡಿಸಿದರು. ಅನುಷಾ ಚಪ್ಪಾಳೆ ತಟ್ಟಿ ನಕ್ಕಳು.

ನವಲಿಯಲ್ಲಿ ಸುದ್ದಿ ಬೇಗ ಹಬ್ಬಿತು. ಸಾಬನ ಮಷೀನು ದೇವರ ಪದ ನುಂಗಿತು ಎಂದರು. "ಹೊಸಾದು ತಂದು ಮೆರೆಯಾಕ ಹೋದ, ಇದ್ದದ್ದು ಕಳದ" ಎಂದರು. ಮುಜಾವರ ಶಬ್ಬೀರಸಾಬ ಬೈಯಲಿಲ್ಲ, ಆದರೆ ಮುಂದೆ ಪದ ತುಂಬಿಸಲು ಯಾರೂ ಉಮರಸಾಬರನ್ನು ಕರೆಯಲಿಲ್ಲ. ಮೇಳದವರು ಮೊಬೈಲಿನಲ್ಲೇ ಹಿಡಿಯತೊಡಗಿದರು. ಗಂಧದ ಮಾತನ್ನು ಉಮರಸಾಬ ಮನೆಯಲ್ಲೂ ಆಡಲಿಲ್ಲ.

"ನಾ ಹೇಳಿದ್ದು ಪೂರಾ ಸುಳ್ಳೂ ಅಲ್ಲರಿ" ಎನ್ನುತ್ತಾರೆ ಅವರು. "ನಿನ್ನ ದನಿ ಇಲ್ಲೈತಿ ಅಂತ ಜಾಗಾ ತೋರಿಸಿದವ ನಾನ ಅಲ್ಲೇನು?"

ಹುಚ್ಚೀರಪ್ಪ ೨೦೧೬ರಲ್ಲಿ ತೀರಿಕೊಂಡರು. ಅನುಷಾ ಈಗ ಗಂಗಾವತಿಯಲ್ಲಿ ಓದುತ್ತಾಳೆ. ಆ ದನಿ ಅಜ್ಜನದಲ್ಲ ಎಂದು ಮಾರೆವ್ವ ಅವಳಿಗೆ ಹೇಳಿದ್ದು ಅವಳು ಪ್ರೌಢಶಾಲೆಗೆ ಹೋದ ಮೇಲೆ. "ತಿಳದಮ್ಯಾಲ ಭಾಳ ಅತ್ತೆ" ಎನ್ನುತ್ತಾಳೆ ಅನುಷಾ. "ಆದ್ರೂ ಅಜ್ಜನ್ನ ನೆನಸಿದ್ರ ಅದ ದನಿ ಬರತೈತ್ರಿ. ಬ್ಯಾರೆ ದನಿ ಎಲ್ಲಿಂದ ತರಲಿ?"

ಗಂಧದ ಮಾತು ತಂದೆಗೆ ಗೊತ್ತಿತ್ತು ಎನ್ನುತ್ತಾಳೆ ಮಾರೆವ್ವ. ಅಂಗಡಿಯಿಂದ ಡಿಸ್ಕು ತಿರುಗಿ ಬಂದ ಸಂಜೆ ಹುಚ್ಚೀರಪ್ಪ ಅದನ್ನು ಬಾಗಿಲಲ್ಲಿ ನಿಂತು ಇಳಿಬಿಸಿಲಿಗೆ ಹಿಡಿದು ನೋಡಿದರಂತೆ. ಬಹಳ ಹೊತ್ತು ನೋಡಿ, ತಮ್ಮ ಹೆಬ್ಬೆಟ್ಟನ್ನು ಒಂದು ಕಲೆಯ ಮೇಲೆ ಇಟ್ಟು ಅಳತೆ ಮಾಡಿ, ಬಟ್ಟೆಯಲ್ಲಿ ಸುತ್ತಿ ಒಳಗಿಟ್ಟರಂತೆ.

ಉಮರಸಾಬರಿಗೆ ಅದು ತಿಳಿದದ್ದು ಮುಂದಿನ ಮೊಹರಮ್ಮಿನಲ್ಲಿ. ಕರೆಯದಿದ್ದರೂ ಸಕ್ಕರೆ ಓದಿಸಿ ದೇವರಿಗೆ ಒಪ್ಪಿಸಲೆಂದು ನವಲಿಗೆ ಹೋಗಿ ಮಸೂತಿಯ ಕಂಬದ ಬಳಿ ನಿಂತಿದ್ದರು. ಸಂದೂಕ ತೆರೆದರು. ಪಂಜಾಗಳಿಗೆ ಗಂಧ ಆಯಿತು. ಹುಚ್ಚೀರಪ್ಪ ಡಿಸ್ಕನ್ನು ಬಿಚ್ಚಿ ಅಂಗೈ ಮೇಲೆ ಇಟ್ಟುಕೊಂಡರು. ಗಂಧದ ಬಟ್ಟಲಲ್ಲಿ ಹೆಬ್ಬೆಟ್ಟು ಅದ್ದಿದರು. ಹೆಬ್ಬೆಟ್ಟು ತೂತಿನವರೆಗೆ ಹೋಗಿ ನಿಂತಿತು. ಅವರು ಡಿಸ್ಕನ್ನು ಹಸಿರು ಬಟ್ಟೆಯಲ್ಲಿ ಮತ್ತೆ ಸುತ್ತಿ, ಬಟ್ಟೆಯ ಮೇಲೆ ಗಂಧ ಒತ್ತಿದರು. ತಲೆ ಎತ್ತಿ ಜನರ ನಡುವೆ ಹುಡುಕಿ, ಉಮರಸಾಬರನ್ನು ನೋಡಿದರು. ಆಮೇಲೆ ಡಿಸ್ಕನ್ನು ಮುಜಾವರರ ಕೈಗೆ ಕೊಟ್ಟರು.